ರೊಟ್ಟಿಯಷ್ಟೇ ಅಲ್ಲ, ಬಡಿಯುವ ವಿದ್ಯೆಯೂ ಸರಕು

ಕಠ್ಮಂಡುವಿನ ಥಮೇಲ್ ಪ್ರದೇಶದಲ್ಲಿ ಪ್ರವಾಸಿಗರು ಶುಲ್ಕ ತೆತ್ತು, ಮೊಮೊ ಮಡಿಸುವುದನ್ನು ಕೈಯಾರೆ ಕಲಿಯುತ್ತಾರೆ. ಹುಬ್ಬಳ್ಳಿ-ಧಾರವಾಡದ ಖಾನಾವಳಿಗಳಲ್ಲಿಯೂ ಅದಕ್ಕೆ ಸಮನಾದ ವಿದ್ಯೆಯೊಂದುಂಟು: ಜೋಳದ ರೊಟ್ಟಿ ಬಡಿಯುವುದು.

ಗೋಧಿಯಲ್ಲಿರುವ ಗ್ಲುಟೆನ್ ಜೋಳದಲ್ಲಿಲ್ಲ. ಆದ್ದರಿಂದ ಕುದಿನೀರು ಹಾಕಿ ನಾದಿದಾಗಲೇ ಪಿಷ್ಟವು ಬೆಂದು ಹಿಟ್ಟಿಗೆ ಜಿಗಿ ಬರುತ್ತದೆ. ಬಡಿದ ರೊಟ್ಟಿಯನ್ನು ಹಂಚಿಗೆ ಹಾಕಿ, ಮೇಲೆ ನೀರು ಸವರಿ, ತಿರುವಿ ಬೇಯಿಸಬೇಕು. ಅಂಚು ಬಿರಿಯದಂತೆ ಬಡಿಯುವುದನ್ನು ಓದಿ ಕಲಿಯಲಾಗದು, ಕೈಯೇ ಕಲಿಯಬೇಕು.

ರೊಟ್ಟಿಗೆ ಬೆಲೆಯುಂಟು, ಬಡಿಯುವ ಮಹಿಳೆಯರ ವಿದ್ಯೆಗೂ ಬೆಲೆ ಕಟ್ಟಬಹುದು. ಒಲೆ, ಹಂಚು, ಹಿಟ್ಟು ಸಿದ್ಧವಾಗಿಯೇ ಇರುವುದರಿಂದ ಹೊಸ ಬಂಡವಾಳ ಅಲ್ಪ. ಊಟದ ದಟ್ಟಣೆ ಕಳೆದ ಮೇಲೆ ತರಗತಿ ನಡೆಸಬಹುದು. ಆದರೆ ಶುಲ್ಕದಲ್ಲಿ ಕಲಿಸುವವರ ಪಾಲು ಮೊದಲೇ ನಿಗದಿಯಾಗಬೇಕು. ಕಲಿತು ಹೋಗುವ ಪ್ರವಾಸಿಗರು ಬಹುದಿನ ಕೆಡದ ಖಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿಗಳ ಗಿರಾಕಿಗಳೂ ಆಗಬಲ್ಲರು.