ನಿಮಗಿದು ಗೊತ್ತೆ? ಪೇಶ್ವೆಯ ವಾಡೆಯಲ್ಲಿ ಹುಟ್ಟಿದ ಕಾಲೇಜು

ಪುಣೆಯ ಮಾರ್ಕೆಟ್ ಯಾರ್ಡ್‌ನಿಂದ ಸ್ವಾರಗೇಟ್ ದಾಟಿ ಉತ್ತರಕ್ಕೆ, ಹಳೆಯ ಪೇಟೆಗಳ ಕಡೆ ನಡೆದರೆ ವಿಶ್ರಾಮಬಾಗ್ ವಾಡೆ ಸಿಗುತ್ತದೆ. ಪೇಶ್ವೆ ಎರಡನೇ ಬಾಜೀರಾಯ ತನ್ನ ವಾಸಕ್ಕೆಂದು ಕಟ್ಟಿಸಿದ ಈ ಮನೆ ಮುಗಿದದ್ದು 1807ರ ಸುಮಾರಿಗೆ. ಬೀದಿಗೆ ಚಾಚಿದ ಅದರ ಸಾಗವಾನಿ ಮಾಳಿಗೆಯ ಕೆತ್ತನೆಯನ್ನು ನಿಂತು ನೋಡಲೇಬೇಕು.

1818ರಲ್ಲಿ ಪೇಶ್ವೆಗಿರಿ ಮುಗಿಯಿತು. ವಿದ್ವಾಂಸರಿಗೆ ಪೇಶ್ವೆಗಳು ಹಂಚುತ್ತಿದ್ದ ದಕ್ಷಿಣೆಯ ಹಣದ ಒಂದು ಭಾಗದಿಂದ ಬ್ರಿಟಿಷರು 1821ರಲ್ಲಿ ಇದೇ ವಾಡೆಯಲ್ಲಿ ಸಂಸ್ಕೃತ ಪಾಠಶಾಲೆ ತೆರೆದರು. ಅದೇ ಬೆಳೆದು ಡೆಕ್ಕನ್ ಕಾಲೇಜಾಯಿತು. ಮುಂಬಯಿಯ ಪಾರ್ಸಿ ವರ್ತಕ ಜಮ್‌ಸೆಟ್‌ಜೀ ಜೀಜೀಭಾಯ್ ಮನೆತನದ ದಾನದಿಂದ ಯೆರವಡಾದಲ್ಲಿ ಕಲ್ಲಿನ ಕಟ್ಟಡ ಎದ್ದಿತು. 1868ರಲ್ಲಿ ಕಾಲೇಜು ಅಲ್ಲಿಗೆ ಹೋಯಿತು. ತಿಲಕರು ಓದಿದ್ದು ಅಲ್ಲೇ. ಇಂದು ಅದು ಪರಿಗಣಿತ ವಿಶ್ವವಿದ್ಯಾಲಯ, ಪುರಾತತ್ವಕ್ಕೂ ಭಾಷಾಶಾಸ್ತ್ರಕ್ಕೂ ಹೆಸರುವಾಸಿ.

ನಮ್ಮ ಮೈಸೂರಿನಲ್ಲೂ ಇಂಥದೇ ಕಥೆಯಿದೆ. ಚಾಮರಾಜ ಒಡೆಯರ ಹಿರಿಯ ಮಗಳು ಜಯಲಕ್ಷ್ಮಮ್ಮಣ್ಣಿಯವರಿಗಾಗಿ 1905ರಲ್ಲಿ ಎದ್ದ ಜಯಲಕ್ಷ್ಮಿ ವಿಲಾಸ ಇಂದು ಮೈಸೂರು ವಿಶ್ವವಿದ್ಯಾಲಯದ ಮಾನಸಗಂಗೋತ್ರಿಯ ಅಂಗಳದಲ್ಲೇ ಇದೆ. ಕುವೆಂಪು ಕುಲಪತಿಗಳಾಗಿದ್ದಾಗ ವಿಶ್ವವಿದ್ಯಾಲಯ ಅದನ್ನು ಕೊಂಡಿತು. ಹಳ್ಳಿಗಳಿಂದ ತಂದ ಯಕ್ಷಗಾನದ ವೇಷಭೂಷಣ, ತೊಗಲುಬೊಂಬೆ, ಬೇಸಾಯದ ಸಲಕರಣೆಗಳಿಗೆ ಅರಮನೆಯ ಕೋಣೆಗಳೇ ಜಾನಪದ ವಸ್ತುಸಂಗ್ರಹಾಲಯವಾಗಿ ತೆರೆದುಕೊಂಡವು.