ಕಲಶವೂ ಗುಳ್ಳಕಾಯಿಯೂ

ಪಾತ್ರೆಯೆಂದರೆ ವಸ್ತುವನ್ನು ತುಂಬಿಡುವ ಸಾಧನವೆಂಬುದು ಎಲ್ಲರೂ ಬಲ್ಲ ಸಂಗತಿ. ಆದರೆ ‘ಪಾತ್ರ’ವೆಂಬ ಮಾತಿಗೆ ಯೋಗ್ಯನೆಂಬ ಅರ್ಥವೂ ಉಂಟು, ದಾನಕ್ಕೆ ಅರ್ಹನಾದವನನ್ನು ಸತ್ಪಾತ್ರನೆಂದೂ ಅರ್ಹನಲ್ಲದವನನ್ನು ಅಪಾತ್ರನೆಂದೂ ಕರೆಯುತ್ತೇವೆ. ಕೈಯಲ್ಲಿ ಹಿಡಿದ ಪಾತ್ರೆಗೂ ಹಿಡಿದವರ ಯೋಗ್ಯತೆಗೂ ಇರುವ ಈ ನಂಟು ಶ್ರವಣಬೆಳಗೊಳದಲ್ಲಿ ಕಲ್ಲಿನಲ್ಲಿಯೇ ಮೂಡಿ ನಿಂತಿದೆ.

ಮೊದಲು ಕಲಶವನ್ನು ನೋಡೋಣ. ಜೈನರ ಅಷ್ಟಮಂಗಳಗಳಲ್ಲಿ ಅದೊಂದು. ಹತ್ತೊಂಬತ್ತನೆಯ ತೀರ್ಥಂಕರನಾದ ಮಲ್ಲಿನಾಥನ ಲಾಂಛನವೂ ಅದೇ. ತೀರ್ಥಂಕರನನ್ನು ಹೆರಲಿರುವ ತಾಯಿ ಕಾಣುವ ಹದಿನಾರು ಶುಭಸ್ವಪ್ನಗಳಲ್ಲಿ ಪೂರ್ಣಕುಂಭಗಳ ಜೋಡಿಯೂ ಸೇರಿದೆ. ಜಿನಶಿಶುವನ್ನು ಇಂದ್ರನು ಮೇರುಪರ್ವತಕ್ಕೆ ಕೊಂಡೊಯ್ದು, ಕ್ಷೀರಸಾಗರದ ನೀರನ್ನು 1008 ಕಲಶಗಳಲ್ಲಿ ತರಿಸಿ ಅಭಿಷೇಕ ಮಾಡಿದನೆಂದು ಪುರಾಣಗಳು ಹೇಳುತ್ತವೆ. ಸುಮಾರು 58 ಅಡಿ ಎತ್ತರದ ಗೊಮ್ಮಟನ ಮಹಾಮಸ್ತಕಾಭಿಷೇಕಕ್ಕೆ 1008 ಕಲಶಗಳನ್ನಿಡುವುದು ಈ ಕಥೆಯ ನೆನಪಿನಿಂದಲೇ. ಆ ದಿನ ವಿಂಧ್ಯಗಿರಿಯೇ ಮೇರುವಾಗುತ್ತದೆ. ಪಂಡಿತಾರ್ಯರು ಈ ಅಭಿಷೇಕವನ್ನು ಏಳು ಬಾರಿ ಮಾಡಿಸಿದರೆಂದು 1398ರ ಶಾಸನವೊಂದು ತಿಳಿಸುತ್ತದೆ.

ಕಲಶವು ಪೂರ್ಣತೆಯ ಕುರುಹಾದರೆ, ದಿಗಂಬರ ಮುನಿಯ ಕಮಂಡಲುವು ಸಂಯಮದ ಕುರುಹು. ಬಟ್ಟೆಯನ್ನೂ ತೊರೆದ ಮುನಿಗೆ ನವಿಲುಗರಿಯ ಪಿಂಛಿಯೊಡನೆ ಉಳಿಯುವುದು ಶೌಚಕ್ಕೆ ಬೇಕಾದ ಈ ನೀರಿನ ಪಾತ್ರೆ. ತುಂಬುವ ಬಾಯಿ ಅಗಲ, ಸುರಿಯುವ ಮೂತಿ ಕಿರಿದು. ಒಂದು ಹನಿಯೂ ವ್ಯರ್ಥವಾಗದು.

ಈ ಎರಡಕ್ಕೂ ಬೇರೆಯಾದುದು ಗುಳ್ಳಕಾಯಿ. ಕ್ರಿ.ಶ. 981ರ ಸುಮಾರಿನಲ್ಲಿ ಗೊಮ್ಮಟನನ್ನು ನಿಲ್ಲಿಸಿದ ಗಂಗರ ಮಂತ್ರಿ ಚಾವುಂಡರಾಯನಿಗೆ, ಇಂಥ ಮೂರ್ತಿಯನ್ನು ಮಾಡಿಸಿದೆನೆಂಬ ಗರ್ವ ಬಂದಿತಂತೆ. ಕೊಡಕೊಡ ಹಾಲು ಸುರಿದರೂ ಅಭಿಷೇಕವು ಮೂರ್ತಿಯ ಕೆಳಭಾಗಕ್ಕೆ ಇಳಿಯಲಿಲ್ಲ. ಆಗ ಮುದುಕಿಯೊಬ್ಬಳು ತಿರುಳು ತೆಗೆದ ಗುಳ್ಳಕಾಯಿಯಲ್ಲಿ ತುಸುವೇ ಹಾಲು ತಂದಳು. ನೆರೆದವರು ನಕ್ಕರು. ಅವಳು ಎರೆದ ಹಾಲು ಅಡಿಯಿಂದ ಮುಡಿಯವರೆಗೆ ಮೂರ್ತಿಯನ್ನು ತೋಯಿಸಿ ಬೆಟ್ಟದ ಮೇಲೆಲ್ಲ ಹರಿಯಿತು. ಅವಳು ಮಾರುವೇಷದಲ್ಲಿ ಬಂದ ಯಕ್ಷಿಯೆಂದು ಐತಿಹ್ಯ. ಕೈಯಲ್ಲಿ ಕಾಯಿ ಹಿಡಿದ ಗುಳ್ಳಕಾಯಜ್ಜಿಯ ವಿಗ್ರಹವನ್ನು ಗೊಮ್ಮಟನ ಪ್ರಾಕಾರದ ಹೊರಗೆ ಇಂದಿಗೂ ಕಾಣಬಹುದು. ‘ಬೆಳ್’ ಎಂದರೆ ಬಿಳಿದು, ‘ಕೊಳ’ ಎಂದರೆ ಸರೋವರ. ಬೆಳಗೊಳವೆಂಬುದು ಬಿಳಿಯ ಕೊಳ. ಆದರೂ ಊರಿನ ಹೆಸರನ್ನು ಅಜ್ಜಿಯ ಬಿಳಿ ಗುಳ್ಳಕ್ಕೆ ಜೋಡಿಸಿ ಹೇಳುವವರೂ ಉಂಟು.

ಈ ಕಥೆ ಕಲಶವನ್ನು ಹಳಿಯುವುದಿಲ್ಲ. ಕೊಡದಲ್ಲಿ ಹಾಲಿನೊಡನೆ ‘ನಾನು’ ಎಂಬುದೂ ತುಂಬಿದ್ದರೆ, ಎಷ್ಟು ಸುರಿದರೂ ಅದು ಬರಿದಾಗದೆಂದಷ್ಟೇ ಹೇಳುತ್ತದೆ. ನಮ್ಮ ಕಾಲದಲ್ಲಿಯೂ ಭಕ್ತರು ಕಾಣಿಕೆಯಿತ್ತು ಅಭಿಷೇಕದ ಕಲಶಗಳನ್ನು ಪಡೆಯುತ್ತಾರೆ. 2018ರ ಉತ್ಸವದಲ್ಲಿಯೂ ಹಾಗೆಯೇ ನಡೆಯಿತು. ಕಾಣಿಕೆಯ ಮೊತ್ತದಿಂದ ಕಲಶಕ್ಕೆ ಮೊದಲ ಸರದಿ ದೊರೆಯಬಹುದು. ಹಿಡಿದವನು ಪಾತ್ರನೇ ಎಂಬ ಪ್ರಶ್ನೆಗೆ ಆ ಮೊತ್ತ ಉತ್ತರವಾಗಲಾರದು.

ಬೆಟ್ಟದ ಮೇಲೆ ಇನ್ನೊಂದು ಪಾತ್ರೆಯೂ ಇದೆ. ಗೊಮ್ಮಟನ ಪಕ್ಕದಲ್ಲಿರುವ ದುಂಡನೆಯ ಕಲ್ಲಿನ ತೊಟ್ಟಿಗೆ ಲಲಿತಸರೋವರವೆಂದು ಹೆಸರು. ಅಭಿಷೇಕದ ನೀರು ಅದರಲ್ಲಿ ಸೇರಿ, ತುಂಬಿ ಮಿಕ್ಕದ್ದು ಕಾಲುವೆಯಿಂದ ಪ್ರಾಕಾರದ ಹೊರಕ್ಕೆ ಹೋಗುವ ಏರ್ಪಾಟನ್ನು ಆರ್. ನರಸಿಂಹಾಚಾರ್ಯರು 1923ರಲ್ಲಿ ಪ್ರಕಟವಾದ ಶಾಸನಸಂಪುಟದಲ್ಲಿ ವಿವರಿಸಿದ್ದಾರೆ. ಆ ನೀರು ಹೊರಗೆ ಮುಟ್ಟುವ ಜಾಗದ ಹೆಸರು ಗುಳ್ಳಕಾಯಜ್ಜಿಯ ಬಾಗಿಲು. ಯಾರ ಕಲಶದ ನೀರಾದರೂ ಕೊನೆಗೆ ಸೇರುವುದು ಅಲ್ಲಿಗೇ.