ಘಟಪ್ರಭೆಯ ಜಲವಲಯ ಮತ್ತು ಜನಪದರ ವಿಂಗಡಣೆ

ಸಿಹಿನೀರಿನ ಪ್ರದೇಶಗಳನ್ನು ಆಡಳಿತದ ಗಡಿಗಳಿಂದಲ್ಲದೆ, ಹರಿವಿನ ಸ್ವರೂಪ ಹಾಗೂ ಜೀವಸಂಕುಲಗಳಿಂದ ಗುರುತಿಸುವ ಕ್ರಮವೇ ಜಲಪರಿಸರ ವಲಯೀಕರಣ. 2008ರಲ್ಲಿ ಪ್ರಕಟವಾದ ಜಾಗತಿಕ ನಕ್ಷೆಯೊಂದು ಮುಖ್ಯವಾಗಿ ಮೀನುಗಳ ಹಂಚಿಕೆಯನ್ನು ಆಧರಿಸಿ 426 ವಲಯಗಳನ್ನು ಗುರುತಿಸಿತು. ಇಂತಹ ನಕ್ಷೆಯು ವಿಶಾಲ ಭೂಭಾಗಗಳನ್ನು ತೋರಿಸುತ್ತದೆಯೇ ಹೊರತು ಒಂದೇ ನದಿಯೊಳಗಿನ ಭೇದಗಳನ್ನಲ್ಲ.

ಘಟಪ್ರಭೆಯು ಇದಕ್ಕೆ ತಕ್ಕ ನಿದರ್ಶನ. ಸಹ್ಯಾದ್ರಿಯಲ್ಲಿ ಹುಟ್ಟಿ ಬಯಲುಸೀಮೆಯತ್ತ ಹರಿಯುವ ಈ ನದಿಯು ಗೋಕಾಕ ಫಾಲ್ಸಿನಲ್ಲಿ ಮರಳುಗಲ್ಲಿನ ಬಂಡೆಯಿಂದ ಸುಮಾರು 52 ಮೀಟರ್ ಕೆಳಗೆ ಧುಮುಕುತ್ತದೆ. ಕೆಳಗಿನ ಮೀನು ಈ ಗೋಡೆಯನ್ನು ಏರಲಾರದು. ಹೀಗೆ ಜಲಪಾತವು ಒಂದು ನದಿಯನ್ನು ಎರಡು ನೆಲೆಗಳಾಗಿಸುತ್ತದೆ. ಅದರ ಮೇಲ್ಭಾಗದಲ್ಲಿ, ಧೂಪದಾಳದ ಒಡ್ಡಿನ ಹಿಂದೆ ನಿಂತ ನೀರು ಮೂರನೆಯ ನೆಲೆ. 1974ರಲ್ಲಿ ಘೋಷಿತವಾದ ಘಟಪ್ರಭಾ ಪಕ್ಷಿಧಾಮವು ಇಲ್ಲಿದ್ದು, ಚಳಿಗಾಲದ ವಲಸೆಹಕ್ಕಿಗಳಿಗೆ ಆಶ್ರಯವಾಗಿದೆ.

ಇಂತಹ ಭೇದಗಳನ್ನು ಜನಪದರ ನುಡಿಯು ಮೊದಲೇ ಬಲ್ಲದು. ದೊಡ್ಡ ಹರಿವು ಹೊಳೆ; ಮಳೆಗೆ ತುಂಬಿ ಬೇಸಿಗೆಗೆ ಬತ್ತುವುದು ಹಳ್ಳ; ಹರಿವು ನಿಂತರೂ ಆಳದಲ್ಲಿ ನೀರುಳಿಯುವ ತಾಣ ಮಡು; ಉಸುಕು ತೋಡಿದರೆ ಜಿನುಗುವುದು ಒರತೆ. ನೀರು ಎಷ್ಟು ಕಾಲ, ಎಷ್ಟು ಆಳ, ಯಾವ ಮೂಲದಿಂದ ಎಂಬುದೇ ಇಲ್ಲಿಯ ಅಳತೆಗೋಲು. ಜಲವಿಜ್ಞಾನವು ಕೇಳುವುದೂ ಇದನ್ನೇ. ಬೇಸಿಗೆಯಲ್ಲಿ ಮೀನು ಉಳಿಯುವುದು ಮಡುವಿನಲ್ಲಿ. ಮುಂದಿನ ಮಳೆಗೆ ಅದರ ಸಂತತಿ ಹರಡುವುದೂ ಅಲ್ಲಿಂದಲೇ.

ಹುಕ್ಕೇರಿ ತಾಲೂಕಿನ ಹಿಡಕಲ್ ಜಲಾಶಯವು ನೀರನ್ನು ಕಾಲುವೆಗಳಿಗೆ ತಿರುಗಿಸಿದ ಮೇಲೆ ಹೊಳೆಯ ಋತುಮಾನ ಬದಲಾಯಿತು. ಉಸುಕು ಬರಿದಾದಲ್ಲಿ ಒರತೆಯೂ ಇಲ್ಲವಾಗುತ್ತದೆ. ಬಳಿಕ ಉಳಿಯುವುದು ಹೆಸರು ಮಾತ್ರ. ಆದುದರಿಂದ ಯಾವ ಊರಿನಲ್ಲಿ ಯಾವ ಮಡುವಿತ್ತೆಂದು ಹಿರಿಯರಿಂದ ಕೇಳಿ ದಾಖಲಿಸುವುದು ಕೇವಲ ಪದಸಂಗ್ರಹವಲ್ಲ, ನದಿಯ ಪೂರ್ವಸ್ಥಿತಿಯ ಸಾಕ್ಷ್ಯಸಂಗ್ರಹ. ವಲಯನಕ್ಷೆಯನ್ನು ತಾಲೂಕಿನ ಮಟ್ಟಕ್ಕೆ ತರುವಾಗ ಈ ಸಾಕ್ಷ್ಯವನ್ನು ಬದಿಗಿರಿಸಲಾಗದು.